ಡ್ರಮ್ಮಿನ ಕೆಳಗಿನ ಹಲಗೆ

ಬೇಸಿಗೆ ಮುಗಿಯುತ್ತಾ ಬಂದಿತ್ತು, ಮಧ್ಯಾಹ್ನ ನಾಲ್ಕು ಗಂಟೆ. ಟೈರ್ ಕಾರ್ಖಾನೆಯಲ್ಲಿ ಮೊದಲ ಪಾಳಿಯವರು ಹೊರಗೆ ಬರುವ, ಎರಡನೆಯ ಪಾಳಿಯವರು ಒಳಗೆ ಹೋಗುವ ಹೊತ್ತು. ನಮ್ಮ ಬ್ಯಾಂಡು ಶುರುವಾದದ್ದು ಆವಾಗ, ಕಾರ್ಖಾನೆಯ ಹಿಂದಿನ ಗೋದಾಮಿನಲ್ಲಿ. ಮೊದಲು ಅಲ್ಲಿ ಕಚ್ಚಾ ರಬ್ಬರಿನ ಮೂಟೆ ಇಡುತ್ತಿದ್ದರು. ಮೂಟೆ ಹೋದರೂ ವಾಸನೆ ಹೋಗಿರಲಿಲ್ಲ. ನಾವು ಅಲ್ಲಿ ಬಾರಿಸಿದ ಅಷ್ಟೂ ವರ್ಷ ಹೋಗಲಿಲ್ಲ. ಕೋಟು ಒಗೆದು ಹಾಕಿದರೂ ಜನ ಮೂಗು ಮುಚ್ಚಿಕೊಂಡು, "ಟೈರಿನವರು ಬಂದ್ರು" ಎನ್ನುತ್ತಿದ್ದರು.

ನಮ್ಮನ್ನು ಕೂಡಿಸಿದವರು ಮೇಸ್ತ್ರಿ. ರಬ್ಬರು ಕಲಸುವ ವಿಭಾಗಕ್ಕೆ ಅವರು ಮೇಸ್ತ್ರಿಯಾಗಿದ್ದರು. ಕೆಲಸ ಬಿಟ್ಟ ಮೇಲೂ ಹೆಸರು ಬಿಡಲಿಲ್ಲ. ಕಾರ್ಖಾನೆಗೆ ಹಳೆಯದೊಂದು ವಾದ್ಯದ ತಂಡವಿತ್ತು. ಯಾರಾದರೂ ನಿವೃತ್ತರಾದರೆ ಗೇಟಿನವರೆಗೆ, ಯಾರಾದರೂ ಸತ್ತರೆ ಗುಂಡಿಯವರೆಗೆ ಊದಿಕೊಂಡು ಹೋಗುವುದು ಅದರ ಕೆಲಸ. ಮೇಸ್ತ್ರಿ ಅದರಲ್ಲಿ ಟ್ರಂಪೆಟ್ ಊದುತ್ತಿದ್ದರು. ಹೊಸ ಮ್ಯಾನೇಜರ್ ಬಂದವನು ತಂಡವನ್ನು ನಿಲ್ಲಿಸಿದ. ವಾದ್ಯಗಳೆಲ್ಲ ಗೋದಾಮಿನ ಮೂಲೆ ಸೇರಿದವು. ಬೀಗದ ಕೈ ಮಾತ್ರ ಮೇಸ್ತ್ರಿಯ ಜೇಬಿನಲ್ಲೇ ಉಳಿಯಿತು, ಕೇಳಬೇಕಾದವರು ಮರೆತರು.

ಆ ದಿನ ಅವರು ಬೀಗ ತೆಗೆದು ಹೇಳಿದ್ದು ಇಷ್ಟೇ: "ಹೆಣದ ಮುಂದೆ ಊದಿ ಊದಿ ತುಟಿ ದಪ್ಪ ಆಯ್ತು. ಇನ್ಮೇಲೆ ಉಸಿರಾಡೋರಿಗೆ ಊದೋಣ. ಅವರು ಕುಣೀಬೇಕು, ಅಷ್ಟೇ."

"ಯೋಚನೆ ಮಾಡಿ ಮೇಸ್ತ್ರಿ," ಎಂದ ವೆಲ್ಡರ್. ಅವನು ಗ್ಯಾಸ್ ವೆಲ್ಡಿಂಗ್ ಮಾಡುವವನು, ಸ್ಯಾಕ್ಸೊಫೋನಿಗೆ ಅವನ ಎದೆಯೇ ಸರಿ. "ಉಸಿರಾಡೋರು ಬಯ್ತಾರೆ. ಹೆಣ ಒಂದು ದಿನಾನೂ ತಕರಾರು ಮಾಡಿಲ್ಲ."

ಎರಡು ತಿಂಗಳಲ್ಲಿ ಹದಿನಾಲ್ಕು ಜನ ಆದೆವು. ಊದುವವರು ಐದು, ಗಿಟಾರಿನವರು ಇಬ್ಬರು, ಕೀಬೋರ್ಡಿಗೆ ಒಬ್ಬ, ಕೈಯಲ್ಲಿ ಬಡಿಯುವ ಡೋಲಿಗೆ ಇಬ್ಬರು, ಹಾಡುವುದಕ್ಕೆ ಇಬ್ಬರು. ಹಾಡುವವರಲ್ಲಿ ಒಬ್ಬಳು ಕಾರ್ಖಾನೆಯ ಆಸ್ಪತ್ರೆಯ ನರ್ಸು. ಅವಳನ್ನು ನರ್ಸಮ್ಮ ಎಂದೇ ಕರೆಯುತ್ತಿದ್ದೆವು. ಬೇಸ್ ಗಿಟಾರು ನನ್ನದು. ಅದರ ತಂತಿ ದಪ್ಪ, ಹಾಗಾಗಿ ನನ್ನ ಹೆಸರು ದಪ್ಪತಂತಿ ಎಂದಾಯಿತು. ಮಿಕ್ಕವನು ಡ್ರಮ್ಮಿನವನು. ನನ್ನ ಬಾಮೈದ. ಈ ಕಥೆ ಅವನದು.

ನನ್ನ ಹೆಂಡತಿಗೆ ಹನ್ನೊಂದು ವರ್ಷ, ಅವನಿಗೆ ಐದು ಇರುವಾಗ ತಾಯಿ ಹೋದಳು. ಅಕ್ಕನೇ ಸಾಕಿದ್ದು. ನಮ್ಮ ಮದುವೆಯಾದಾಗ ಅವಳ ಟ್ರಂಕಿನ ಜೊತೆ ಅವನೂ ನಮ್ಮ ಮನೆಗೆ ಬಂದ. ಮುಂದಿನ ಕೋಣೆಯಲ್ಲಿ ಕಿಟಕಿಯ ಕೆಳಗೆ ಅವನ ಮಂಚ. ಹದಿನೆಂಟಕ್ಕೆ ಕಾರ್ಖಾನೆಯ ಪ್ರೆಸ್ ವಿಭಾಗಕ್ಕೆ ಸೇರಿದ. ಅಲ್ಲಿ ಟೈರನ್ನು ಅಚ್ಚಿನಲ್ಲಿಟ್ಟು ಹಬೆಯಲ್ಲಿ ಬೇಯಿಸುತ್ತಾರೆ. ಬೆಂದಾದ ಮೇಲೆ ಹಬೆ ಬಿಡುತ್ತಾರೆ. ಇಪ್ಪತ್ತೆರಡು ಪ್ರೆಸ್ಸು, ಒಂದಾದ ಮೇಲೊಂದು. ಆ ಕಿರುಚಾಟದಲ್ಲಿ ಕಿವಿಗೆ ಬಾಯಿ ಹಚ್ಚಿ ಕೂಗಿದರೂ ಕೇಳುವುದಿಲ್ಲ. ಅಲ್ಲಿನವರು ಕೈಸನ್ನೆಯಲ್ಲೇ ಜಗಳವನ್ನೂ ಆಡಿ ಮುಗಿಸುತ್ತಿದ್ದರು. ಅವನು ಯಾವ ಪ್ರೆಸ್ಸು ಯಾವಾಗ ಹಬೆ ಬಿಡುತ್ತದೆ ಎಂದು ನೋಡದೆಯೇ ಹೇಳುತ್ತಿದ್ದ. ಅದರಿಂದ ಅವನಿಗೆ ಗಡಿಯಾರ ಎಂದು ಹೆಸರು.

ನಾವು ಬಾರಿಸುತ್ತಿದ್ದದ್ದನ್ನು ಫಂಕ್ ಎನ್ನುತ್ತಾರೆಂದು ನಮಗೆ ಆಮೇಲೆ ತಿಳಿಯಿತು. ಆ ಸಂಗೀತ ಮುಂದೆ ಓಡುವುದಿಲ್ಲ. ಒಂದೇ ಕಡೆ ನಿಂತು ಸುತ್ತುತ್ತದೆ, ಸುತ್ತುತ್ತಾ ಬಿಸಿಯಾಗುತ್ತದೆ. ಲೆಕ್ಕ ನಾಲ್ಕು ಪೆಟ್ಟಿನದು. ಮೇಸ್ತ್ರಿ ಒಂದೇ ಕಟ್ಟಳೆ ಮಾಡಿದ್ದರು: "ಮೊದಲ ಪೆಟ್ಟಿಗೆ ಹದಿನಾಲ್ಕು ಜನವೂ ಬೀಳಬೇಕು. ಮಿಕ್ಕ ಮೂರರಲ್ಲಿ ಯಾರು ಎಲ್ಲಿಗಾದ್ರೂ ಹಾಳಾಗಿ ಹೋಗಿ, ನಾನು ಕೇಳಲ್ಲ. ಒಂದಕ್ಕೆ ಮನೆಗೆ ಬಂದಿರಬೇಕು." ಕೈ ಬಿಚ್ಚಿ ಹಿಡಿದರೆ ಸುತ್ತುತ್ತಲೇ ಇರಬೇಕು. ಮುಷ್ಟಿ ಮುಚ್ಚಿದರೆ ಎಲ್ಲರೂ ನಿಲ್ಲಬೇಕು, ಉಸಿರೂ ಕೇಳಬಾರದು.

ಹಾಡು ಎತ್ತುವುದು ಬೇರೆ ಬ್ಯಾಂಡುಗಳಲ್ಲಿ ಡ್ರಮ್ಮಿನವನ ಕೆಲಸ. ಕೋಲಿಗೆ ಕೋಲು ತಟ್ಟಿ ಎಣಿಸುತ್ತಾನೆ. ನಮ್ಮಲ್ಲಿ ಅದು ನನ್ನ ಹಿಮ್ಮಡಿಯ ಕೆಲಸ. ಗೋದಾಮಿನಲ್ಲಿ ಡ್ರಮ್ಮು ಜಾರುತ್ತದೆಂದು ನಾನು ಟೈರ್ ಕಳಿಸುವ ಮರದ ಪೆಟ್ಟಿಗೆಗಳನ್ನು ಒಡೆದು ಆರಡಿ ಎಂಟಡಿಯ ಒಂದು ಹಲಗೆಯ ಕಟ್ಟೆ ಮಾಡಿದ್ದೆ, ಒಂದು ಗೇಣು ಎತ್ತರ. ಡ್ರಮ್ಮು ಅದರ ಮೇಲೆ, ನನ್ನ ಸ್ಪೀಕರ್ ಪೆಟ್ಟಿಗೆಯೂ ಅದರ ಮೇಲೆ, ನನ್ನ ಎಡಗಾಲೂ ಅದರ ಮೇಲೆ. ಹಿಮ್ಮಡಿಯಲ್ಲಿ ಮೂರು ಸಲ ಕುಟ್ಟುತ್ತಿದ್ದೆ, ನಾಲ್ಕನೆಯದನ್ನು ಬಿಡುತ್ತಿದ್ದೆ, ಎಲ್ಲರೂ ಒಂದಕ್ಕೆ ಬೀಳುತ್ತಿದ್ದರು. ಹಾಡು ನಡೆಯುವಾಗಲೂ ಕುಟ್ಟುವ ಅಭ್ಯಾಸ ನನಗೆ. ಯಾರೂ ಹೇಳಿಕೊಟ್ಟದ್ದಲ್ಲ.

ಮೂರನೆಯ ವರ್ಷ 'ಪಾಳಿ ಬಿಟ್ಟಿತು' ಎಂಬ ನಮ್ಮ ಹಾಡು ರೆಕಾರ್ಡ್ ಆಗಿ ರೇಡಿಯೋಗೆ ಹೋಯಿತು. ಪ್ರೆಸ್ಸುಗಳ ಲಯವನ್ನೇ ಗಡಿಯಾರ ಡ್ರಮ್ಮಿಗೆ ತಂದಿದ್ದ. ಕ್ಷೌರದಂಗಡಿಯಲ್ಲಿ, ಬಸ್ಸಿನಲ್ಲಿ, ಯಾರದೋ ಅಡುಗೆಮನೆಯ ಕಿಟಕಿಯಲ್ಲಿ ಅದೇ ಹಾಡು. ಎಲ್ಲರೂ ಒಂದೇ ವಾರದಲ್ಲಿ ಕಾರ್ಖಾನೆ ಬಿಟ್ಟೆವು. ಕಂದು ಬಣ್ಣದ ಕೋಟು, ದೊಡ್ಡ ಕಾಲರು, ಸ್ವಂತಕ್ಕೆ ಒಂದು ಹಳೆಯ ಬಸ್ಸು. ಬಸ್ಸಿನ ಮೇಲೆ ಹಗ್ಗ ಕಟ್ಟಿ ನನ್ನ ಹಲಗೆ. ಎಲ್ಲಿಗೆ ಹೋದರೂ ಹಲಗೆ ಹೋಗುತ್ತಿತ್ತು, ಇಳಿಸುವಾಗ ನಾಲ್ಕು ಜನ ಬಯ್ಯುತ್ತಿದ್ದರು.

"ದಪ್ಪತಂತಿ, ಇದನ್ನ ನಿನ್ನ ಹೆಂಡ್ತಿ ವರದಕ್ಷಿಣೆ ಕೊಟ್ಟಿದ್ಲಾ?" ಎಂದು ವೆಲ್ಡರ್ ಕೇಳುತ್ತಿದ್ದ.

"ಅವಳು ಕೊಟ್ಟಿದ್ದು ತಮ್ಮನ್ನ. ಹಲಗೆ ನನ್ನದೇ."

"ಹಂಗಾದ್ರೆ ನಿನ್ನ ಹಲಗೆ ನೀನೇ ಹೊರು."

ನಾಲ್ಕು ವರ್ಷ ಚೆನ್ನಾಗಿ ನಡೆಯಿತು. ಅದನ್ನು ಹೇಳುತ್ತಾ ಕೂತರೆ ಮುಗಿಯುವುದಿಲ್ಲ, ಹೇಳಬೇಕಾದದ್ದೂ ಅದಲ್ಲ.

ಒಂದು ಮಧ್ಯಾಹ್ನ ಮನೆಯಲ್ಲಿ ಹೆಂಡತಿ ಬಟ್ಟೆ ಒಣಗಿಸಲು ಹಿತ್ತಲಿಗೆ ಹೋಗಿದ್ದಳು. ಒಲೆಯ ಮೇಲೆ ಸಿಳ್ಳೆ ಹೊಡೆಯುವ ಕೆಟಲು. ಬಾಮೈದ ಅದರ ಪಕ್ಕದಲ್ಲೇ ಕೂತು ಶೂಗೆ ಪಾಲಿಶ್ ಹಾಕುತ್ತಿದ್ದ. ಕೆಟಲು ಸಿಳ್ಳೆ ಹೊಡೆಯಿತು. ಹೊಡೆಯುತ್ತಲೇ ಇತ್ತು. ಅವನು ತಲೆ ಎತ್ತಲಿಲ್ಲ. ನಾನು ಬಾಗಿಲಲ್ಲಿ ನಿಂತು ನೋಡಿದೆ. ನೀರೆಲ್ಲ ಆವಿಯಾಗಿ ಸಿಳ್ಳೆ ಸಣ್ಣಗಾಗಿ ನಿಂತು, ಸುಟ್ಟ ವಾಸನೆ ಬಂದ ಮೇಲೆ ಮೂಗು ಅರಳಿಸಿ ಒಲೆಯ ಕಡೆ ತಿರುಗಿದ.

ಆಮೇಲೆ ಒಂದೊಂದೇ ನೆನಪಾಯಿತು. ಬಸ್ಸಿನಲ್ಲಿ ವೆಲ್ಡರಿನ ತಮಾಷೆಗೆ ಅವನು ಎಲ್ಲರೂ ನಕ್ಕ ಮೇಲೆ ನಗುತ್ತಿದ್ದ. ಮಾತಾಡಿಸಿದರೆ ಕಣ್ಣು ನೋಡುತ್ತಿರಲಿಲ್ಲ, ಬಾಯಿ ನೋಡುತ್ತಿದ್ದ. ಡ್ರಮ್ಮಿಗೆ ಕೂರುವ ಮೊದಲು ಎಡಗಾಲಿನ ಶೂ ಬಿಚ್ಚಿಡುವುದನ್ನು ಶುರುಮಾಡಿದ್ದ. ಅದನ್ನು ನಾವು ಶೋಕಿ ಎಂದುಕೊಂಡಿದ್ದೆವು.

ಹಿತ್ತಲಿಗೆ ಕರೆದುಕೊಂಡು ಹೋಗಿ, ಎದುರಿಗೆ ನಿಂತು ಕೇಳಿದೆ. "ಎಷ್ಟು ದಿನ ಆಯ್ತೋ?"

ಅವನು ಸುಳ್ಳು ಹೇಳುವವನಲ್ಲ. "ಬಲಗಿವಿ ಹೋಗಿ ಎರಡು ವರ್ಷ ಆಯ್ತು ಭಾವ. ಎಡದ್ದರಲ್ಲಿ ಸ್ವಲ್ಪ ಇತ್ತು. ಈಗ ಅದೂ ಹೋಗ್ತಾ ಇದೆ."

"ಮತ್ತೆ ಹೇಗೋ ಬಾರಿಸ್ತೀಯ?"

"ನೀವು ಕುಟ್ತೀರಲ್ಲ." ಅಂಗಾಲು ತೋರಿಸಿದ. "ಹಲಗೆಯಲ್ಲಿ ಬರುತ್ತೆ. ನಿಮ್ಮ ಹಿಮ್ಮಡಿ ಬೇರೆ, ನಿಮ್ಮ ತಂತಿ ಬೇರೆ. ಎರಡೂ ಗೊತ್ತಾಗುತ್ತೆ. ಕಿವಿಯಲ್ಲಿ ಕೇಳ್ತಿದ್ದಾಗಲೂ ಇಷ್ಟು ಚೆನ್ನಾಗಿ ಗೊತ್ತಾಗ್ತಿರ್ಲಿಲ್ಲ ಭಾವ, ನಿಜ."

ಹೆಂಡತಿ ಒದ್ದೆ ಬಟ್ಟೆ ಹಿಡಿದು ಅಲ್ಲೇ ನಿಂತಿದ್ದಳು. ಅವನು ಒಳಗೆ ಹೋದ ಮೇಲೆ ನನ್ನ ಕಡೆ ತಿರುಗಿದಳು. ಅವಳಿಗೆ ಮೊದಲೇ ಗೊತ್ತಿತ್ತೆಂದು ಮುಖ ನೋಡಿದರೇ ತಿಳಿಯುತ್ತಿತ್ತು.

"ರೀ, ಯಾರಿಗೂ ಹೇಳಬೇಡಿ."

"ಇದು ಎಷ್ಟು ದಿನ ನಡೆಯುತ್ತೆ?"

"ನಡೆಯೋವಷ್ಟು ದಿನ ನಡೀಲಿ. ಅವನಿಗೆ ಬೇರೆ ಏನಿದೆ ಹೇಳಿ? ಮಾತು ಕೇಳ್ಸಲ್ಲ, ನಾಲ್ಕು ಜನರ ಜೊತೆ ಕೂತು ನಗೋಕಾಗಲ್ಲ. ಆ ಕೋಲು ಹಿಡಿದಾಗ ಮಾತ್ರ ಅವನು ಎಲ್ಲರ ಜೊತೆ ಇರ್ತಾನೆ. ಅದನ್ನ ಕಿತ್ಕೋಬೇಡಿ."

"ನಾನ್ಯಾಕೆ ಕಿತ್ಕೊಳ್ಲಿ?"

"ನೀವು ಕೀಳಲ್ಲ. ಕೀಳೋರು ಬಂದಾಗ ಸುಮ್ನೆ ನಿಂತಿರ್ತೀರಿ. ನಿಮ್ಮ ಸ್ವಭಾವ ನನಗೆ ಗೊತ್ತು."

ಆ ಮಾತಿಗೆ ಆ ದಿನ ನನಗೆ ಸಿಟ್ಟು ಬಂದಿತ್ತು.

ಮರುದಿನ ಚಮ್ಮಾರರ ಹತ್ತಿರ ಹೋಗಿ ಎಡಗಾಲಿನ ಶೂಗೆ ಕಬ್ಬಿಣದ ಲಾಳ ಹೊಡೆಸಿಕೊಂಡೆ. ಹಲಗೆಯ ಸಂದುಗಳಿಗೆ ಹೊಸ ಮೊಳೆ ಹಾಕಿ ಬಿಗಿ ಮಾಡಿದೆ. ಒಂದೂವರೆ ವರ್ಷ ಹಾಗೆ ನಡೆಸಿದೆವು. ನಡುವೆ ಮೇಸ್ತ್ರಿ ಹಾಡು ಬದಲಿಸಿದರೆ ನಾನು ಎರಡು ಸಲ ಬೇಗ ಕುಟ್ಟುತ್ತಿದ್ದೆ, ಅವನು ತಿರುಗುತ್ತಿದ್ದ. ಮುಷ್ಟಿ ಮುಚ್ಚುವುದನ್ನು ಅವನು ಕಣ್ಣಿನಲ್ಲಿ ನೋಡುತ್ತಿದ್ದ. ಒಂದು ದಿನವೂ ತಪ್ಪಲಿಲ್ಲ. ಕೇಳಿದರೆ ನಂಬುವುದು ಕಷ್ಟ, ಆದರೆ ಆ ಒಂದೂವರೆ ವರ್ಷ ಅವನು ಬಾರಿಸಿದ ಹಾಗೆ ಅದಕ್ಕೆ ಮೊದಲು ಎಂದೂ ಬಾರಿಸಿರಲಿಲ್ಲ. ನನ್ನ ಹಿಮ್ಮಡಿ ಮಾತ್ರ ಬಾತುಕೊಂಡು, ಬೆಳಿಗ್ಗೆ ಎದ್ದರೆ ನೆಲಕ್ಕೆ ಊರಲು ಆಗುತ್ತಿರಲಿಲ್ಲ.

ಕಂಡುಹಿಡಿದವಳು ನರ್ಸಮ್ಮ. ಒಂದು ಊರಿನಲ್ಲಿ ಬಸ್ಸಿಗೆ ಡೀಸೆಲ್ ಹಾಕಿಸುತ್ತಿದ್ದಾಗ ನನ್ನ ಪಕ್ಕ ಬಂದು ನಿಂತಳು.

"ಅಣ್ಣ, ಗಡಿಯಾರನಿಗೆ ಕಿವಿ ಇಲ್ಲ ಅಲ್ವಾ?"

"ಯಾರು ಹೇಳಿದ್ದು?"

"ಯಾರು ಹೇಳಬೇಕು? ಪ್ರೆಸ್ ವಿಭಾಗದೋರನ್ನ ಒಂಬತ್ತು ವರ್ಷ ನೋಡಿದ್ದೀನಿ. ಎಲ್ಲರೂ ಹೀಗೇ ಬಾಯಿ ನೋಡ್ತಿದ್ರು. ಮೇಸ್ತ್ರಿಗೆ ಹೇಳಿಬಿಡಿ."

"ಹೇಳಿದ್ರೆ ತೆಗೀತಾರೆ ತಾಯಿ."

"ತೆಗೀಬಹುದು. ತೆಗೀದೇನೂ ಇರಬಹುದು. ಈಗಂತೂ ಇಬ್ಬರೇ ಹೊತ್ಕೊಂಡು ಹೋಗ್ತಿದ್ದೀರಿ. ಒಬ್ಬರು ಎಡವಿದ್ರೆ ಏನು ಗತಿ?"

"ನೀನು ಹೇಳಬೇಡ."

"ನಾನು ಹೇಳಲ್ಲ. ಹೇಳಬೇಕಾದೋಳು ನಾನಲ್ಲ," ಎಂದು ಬಸ್ಸು ಹತ್ತಿದಳು.

ಆ ಹೊತ್ತಿಗೆ ಕಾಲ ಬದಲಾಗಿತ್ತು. ಡ್ರಮ್ಮಿನ ಶಬ್ದ ಮಾಡುವ ಯಂತ್ರ ಬಂದಿತ್ತು, ಬ್ರೆಡ್ಡಿನ ಡಬ್ಬಿಯಷ್ಟಿರುವ ಒಂದು ಪೆಟ್ಟಿಗೆ. ಅದನ್ನಿಟ್ಟುಕೊಂಡು ನಾಲ್ಕೇ ಜನ ಬ್ಯಾಂಡು ಅಂತ ಬರುತ್ತಿದ್ದರು. ಕುಣಿಯುವವರಿಗೆ ಅಷ್ಟು ಸಾಕಾಗಿತ್ತು. ಹದಿನಾಲ್ಕು ಜನರನ್ನು ಕರೆಸುವವರು ಕಡಿಮೆಯಾದರು. ಇಬ್ಬರು ಊದುವವರು ಬಿಟ್ಟರು, ಕೈಡೋಲಿನವನೊಬ್ಬ ಬಿಟ್ಟ. ನಮ್ಮ ಬಸ್ಸಿನ ಇಂಜಿನ್ನು ಕೈಕೊಟ್ಟಿತು. ಮೇಸ್ತ್ರಿ ಬರಬರುತ್ತಾ ಮಾತು ಕಡಿಮೆ ಮಾಡಿದರು. "ಪೆಟ್ಟಿಗೆಗೆ ಊಟ ಹಾಕಬೇಕಾಗಿಲ್ಲ ಅಂತಾರೆ ಎಲ್ಲರೂ," ಎಂದು ಒಮ್ಮೆ ಹೇಳಿದರು. "ಅದಕ್ಕೆ ಜ್ವರ ಬರಲ್ಲ ಅಂತಾರೆ. ನನ್ನ ಗಡಿಯಾರನ ಪಕ್ಕ ಅದನ್ನ ಇಟ್ಟು ನೋಡ್ಲಿ ಅಂತ ನಾನು ಹೇಳ್ತೀನಿ. ಅವನು ಒಂದು ಸಲ ತಪ್ಪಿದ್ದನ್ನ ತೋರಿಸಿ ಅಂತ ಕೇಳ್ತೀನಿ."

ಹೀಗಿರುವಾಗ ಮೂರು ಗಂಟೆಯ ದಾರಿಯಾಚೆ ಹೊಸದೊಂದು ಕುಣಿತದ ಹಾಲ್ ಕಟ್ಟಿದರು. ಭಾನುವಾರ ಮಧ್ಯಾಹ್ನ ಮೂರಕ್ಕೆ ಅದರ ಪ್ರಾರಂಭ. ನಮ್ಮನ್ನು ಕರೆದಿದ್ದರು. ಚೆನ್ನಾಗಿ ಆದರೆ ಪ್ರತಿ ಭಾನುವಾರವೂ ನಾವೇ ಎಂದು ಮಾತಾಗಿತ್ತು. ಆ ಮಾತು ಸಿಕ್ಕರೆ ಬ್ಯಾಂಡು ಉಳಿಯುತ್ತಿತ್ತು. ಅದು ಎಲ್ಲರಿಗೂ ಗೊತ್ತಿತ್ತು.

ಆ ಬೆಳಿಗ್ಗೆ ಎಂಟಕ್ಕೆ ಗೋದಾಮಿನ ಗೇಟಿನ ಮುಂದೆ ಬಾಡಿಗೆಯ ವ್ಯಾನು ನಿಂತಿತ್ತು. ನಮ್ಮ ಬಸ್ಸಿನ ಅರ್ಧದಷ್ಟೂ ಇರಲಿಲ್ಲ. ಹನ್ನೊಂದು ಜನ, ವಾದ್ಯ, ಸ್ಪೀಕರು, ಕೋಟಿನ ಪೆಟ್ಟಿಗೆ. ಬಾಮೈದ ಆಗಲೇ ಒಳಗೆ ಹೋಗಿ ಕಿಟಕಿಯ ಪಕ್ಕ ಕೂತಿದ್ದ, ಆ ಕಡೆಯ ರಸ್ತೆ ನೋಡುತ್ತಿದ್ದ. ವೆಲ್ಡರ್ ಮತ್ತು ನಾನು ಹಲಗೆಯ ಎರಡು ತುದಿ ಹಿಡಿದು ನಿಂತಿದ್ದೆವು. ವ್ಯಾನಿನ ಮೇಲೆ ಕಟ್ಟುವುದಕ್ಕೆ ಕಂಬಿಯಿರಲಿಲ್ಲ.

ಮೇಸ್ತ್ರಿ ಬಂದು ನೋಡಿದರು. "ಅದನ್ನ ಬಿಡ್ರಯ್ಯ. ಹೊಸ ಹಾಲ್, ಸ್ಟೇಜು ಅವರೇ ಕಟ್ಟಿದ್ದಾರೆ. ಕಾರ್ಪೆಟ್ ಹಾಸಿದ್ದಾರಂತೆ, ಜಾರಲ್ಲ."

ವೆಲ್ಡರ್ ತನ್ನ ತುದಿಯನ್ನು ತಕ್ಷಣ ಇಳಿಸಿದ. "ಅಬ್ಬಾ, ಎಂಟು ವರ್ಷಕ್ಕೆ ಇವತ್ತು ಬುದ್ಧಿ ಬಂತು ನಿಮಗೆ."

ನಾನು ನನ್ನ ತುದಿಯನ್ನು ಹಿಡಿದುಕೊಂಡೇ ನಿಂತೆ.

"ಏನಯ್ಯ ದಪ್ಪತಂತಿ? ಇದೇನು ದೇವರಾ?"

"ಇಲ್ಲ ಮೇಸ್ತ್ರಿ. ಅಭ್ಯಾಸ ಆಗಿದೆ, ಅದಕ್ಕೆ."

"ಅಭ್ಯಾಸಕ್ಕೆ ಜಾಗ ಇಲ್ಲ. ಹೊತ್ತಾಯ್ತು."

ಆಗ ಹೇಳಬಹುದಿತ್ತು. ನಾಲ್ಕೇ ಮಾತು. ಹೇಳಿದರೆ ಎಲ್ಲ ಹೊರಗೆ ಬೀಳುತ್ತದೆ. ಹೊಸ ಹಾಲ್‌ನ ದಿನವೇ ಬೀಳುತ್ತದೆ. ಹೇಳದಿದ್ದರೆ ಅಲ್ಲಿನ ಸ್ಟೇಜೂ ಮರದ್ದೇ ಇರಬಹುದು, ಎಲ್ಲ ಕಡೆ ಮರದ್ದೇ ತಾನೆ ಇರುವುದು ಎಂದು ನನಗೆ ನಾನೇ ಹೇಳಿಕೊಂಡೆ. ನರ್ಸಮ್ಮ ವ್ಯಾನಿನ ಬಾಗಿಲಲ್ಲಿ ನಿಂತು ನನ್ನನ್ನೇ ನೋಡುತ್ತಿದ್ದಳು. ನಾನು ಹಲಗೆಯನ್ನು ಗೋಡೆಗೆ ಒರಗಿಸಿ ಬಂದೆ.

ವ್ಯಾನಿನಲ್ಲಿ ನನಗೆ ಸಿಕ್ಕ ಜಾಗ ಬಾಮೈದನ ಪಕ್ಕ. ಮೂರು ಗಂಟೆ ಕೂತೆ. ಅವನು ಬಿಸ್ಕತ್ತು ಕೊಟ್ಟ, ತಿಂದೆ. ದಾರಿಯಲ್ಲಿ ಒಂದು ಕಾರ್ಖಾನೆಯ ಚಿಮಣಿ ತೋರಿಸಿ, "ನಮ್ಮದಕ್ಕಿಂತ ಎತ್ತರ ಅಲ್ವಾ ಭಾವ?" ಎಂದ. ಹೌದೆಂದು ತಲೆಯಾಡಿಸಿದೆ. ಅವನ ಕಡೆ ಮುಖ ತಿರುಗಿಸಿ ಒಂದು ಮಾತು ಹೇಳಿದ್ದರೆ ಬಾಯಿ ನೋಡಿ ತಿಳಿದುಕೊಳ್ಳುತ್ತಿದ್ದ. ನಾನು ಮುಂದಿನ ಸೀಟಿನ ಬೆನ್ನು ನೋಡುತ್ತಾ ಕೂತೆ.

ಹಾಲ್‌ನಲ್ಲಿ ಹೊಸ ಬಣ್ಣದ ವಾಸನೆ. ಸ್ಟೇಜು ಎದೆಯೆತ್ತರ ಇತ್ತು, ಮೇಲೆ ಕೆಂಪು ಕಾರ್ಪೆಟ್ಟು. ಬಾಮೈದ ಡ್ರಮ್ಮು ಹೊತ್ತು ಬಂದು ಸುತ್ತಲೂ ನೋಡಿದ.

"ಹಲಗೆ ಎಲ್ಲಿ ಭಾವ?"

"ಜಾಗ ಇರಲಿಲ್ಲ. ಇಲ್ಲಿ ಸ್ಟೇಜಿದೆ ಅಂದ್ರು."

ಅವನು ಮಂಡಿಯೂರಿ ಕಾರ್ಪೆಟ್ಟಿನ ಅಂಚು ಎತ್ತಿ, ಬೆರಳ ಗೆಣ್ಣಿನಿಂದ ತಟ್ಟಿದ. ಅಂಗೈ ಊರಿದ.

"ಸಿಮೆಂಟು," ಎಂದ.

ನಾನು ಪಕ್ಕದಲ್ಲಿ ಕಾಲಿಟ್ಟು ಜೋರಾಗಿ ಕುಟ್ಟಿದೆ. ಅವನು ನನ್ನ ಮುಖ ನೋಡಿ, ಇಲ್ಲ ಎಂದು ತಲೆಯಾಡಿಸಿದ. ಇನ್ನೂ ಜೋರಾಗಿ ಕುಟ್ಟಿದೆ. ಬಾತ ಹಿಮ್ಮಡಿಯಿಂದ ತಲೆಯವರೆಗೆ ನೋವು ಹತ್ತಿತು. ಅವನು ನನ್ನ ಮೊಣಕಾಲು ಹಿಡಿದು ನಿಲ್ಲಿಸಿದ.

"ಸಾಕು ಭಾವ. ಕಾಲು ಇಲ್ಲಿ ನನಗೆ ಕಾಣೋ ಕಡೆ ಇಡಿ. ನೋಡ್ಕೊಂಡು ಬಾರಿಸ್ತೀನಿ."

ಒಂದು ಗಂಟೆಗೆ ಒಮ್ಮೆ ಬಾರಿಸಿ ನೋಡಿದೆವು. ಅವನು ನನ್ನ ಶೂ ಮೇಲೆ ಕಣ್ಣು ನೆಟ್ಟು ಬಾರಿಸಿದ. ಎರಡು ಹಾಡು ಸರಿಯಾಗಿ ಬಂತು. "ಯಾಕೋ ಇವತ್ತು ಗಡಿಯಾರ ಮುಖ ಗಂಟು ಹಾಕ್ಕೊಂಡಿದ್ದಾನೆ," ಎಂದ ವೆಲ್ಡರ್, ಅಷ್ಟೇ. ನನಗೆ ಜೀವ ಬಂದ ಹಾಗಾಯಿತು. ಹೇಳದೇ ಇದ್ದದ್ದು ಒಳ್ಳೆಯದಾಯಿತು ಎಂದುಕೊಂಡೆ.

ಮೂರು ಗಂಟೆಗೆ ಹಾಲ್ ತುಂಬಿತು. ಹೆಂಗಸರು, ಗಂಡಸರು, ವಾರದ ರಜೆಯ ಬಟ್ಟೆ, ಹೊಸ ಶೂ. ನನ್ನ ಹಿಮ್ಮಡಿ ಮೂರು ಸಲ ಬಿತ್ತು, ಎಲ್ಲರೂ ಒಂದಕ್ಕೆ ಬಿದ್ದೆವು. ಮೊದಲ ಹಾಡು ಮುಗಿಯುವುದರೊಳಗೆ ನೆಲ ಕಾಣದಷ್ಟು ಜನ ಕುಣಿಯುತ್ತಿದ್ದರು. ಎರಡನೆಯದೂ ಹೋಯಿತು. ಮೇಸ್ತ್ರಿ ಹಿಂದಕ್ಕೆ ತಿರುಗಿ ನಮಗೆಲ್ಲ ಹಲ್ಲು ತೋರಿಸಿದರು; ಅವರು ನಕ್ಕು ಎಷ್ಟೋ ತಿಂಗಳಾಗಿತ್ತು. ಮೂರನೆಯದು 'ಪಾಳಿ ಬಿಟ್ಟಿತು'.

ಅದು ಶುರುವಾಗಿ ಒಂದು ನಿಮಿಷವಾಗಿರಬೇಕು. ಸ್ಟೇಜಿನ ಎರಡೂ ಪಕ್ಕದಿಂದ ಬಿಳಿ ಹೊಗೆ ಬಂತು. ಹೊಗೆ ಬಿಡುವ ಯಂತ್ರವನ್ನು ಹಾಲ್‌ನವರು ಹೊಸದಾಗಿ ತರಿಸಿದ್ದರಂತೆ, ಚಂದ ಕಾಣಲಿ ಎಂದು. ಜನ ಹೋ ಎಂದರು. ಹೊಗೆ ಮೇಲೇರಲಿಲ್ಲ. ನೆಲಕ್ಕೆ ಅಂಟಿಕೊಂಡು, ಮೊಣಕಾಲಿನವರೆಗೆ ನಿಂತುಬಿಟ್ಟಿತು. ಕೆಳಗೆ ನೋಡಿದರೆ ನನ್ನ ಕಾಲು ನನಗೇ ಕಾಣುತ್ತಿರಲಿಲ್ಲ.

ಬಾಮೈದ ತಲೆ ಎತ್ತಿ ನನ್ನ ಮುಖ ನೋಡಿದ. ನಾನು ತಲೆ ಕುಣಿಸಿ ತೋರಿಸಿದೆ. ಆದರೆ ನನ್ನ ತಲೆ ಯಾವಾಗಲೂ ನನ್ನ ಹಿಮ್ಮಡಿಗಿಂತ ಅರ್ಧ ಪೆಟ್ಟು ಹಿಂದೆ ಕುಣಿಯುತ್ತದೆ. ಮೊದಲಿಂದ ಬಂದ ಅಭ್ಯಾಸ, ಅದು ಅವತ್ತು ಬಿಡುತ್ತದೆಯೇ? ಅವನು ನನ್ನ ತಲೆಯ ಲಯವನ್ನೇ ಹಿಡಿದ. ಎಲ್ಲೋ ಒಂದು ಪೆಟ್ಟು ನುಂಗಿಹೋಯಿತು. ಅವನ ಒಂದು, ನಮ್ಮ ಎರಡಾಯಿತು. ಊದುವವರಲ್ಲಿ ಒಬ್ಬ ಡ್ರಮ್ಮಿನ ಹಿಂದೆ ಹೋದ, ಇಬ್ಬರು ನನ್ನ ಹಿಂದೆ ಉಳಿದರು. ನರ್ಸಮ್ಮ ಹಾಡು ನಿಲ್ಲಿಸಿಬಿಟ್ಟಳು. ಕುಣಿಯುತ್ತಿದ್ದವರ ಕಾಲು ಒಂದಕ್ಕೊಂದು ತೊಡರಿತು. ಒಬ್ಬೊಬ್ಬರೇ ನಿಂತು ಮೇಲೆ ನೋಡಿದರು.

ಮೇಸ್ತ್ರಿ ಮುಷ್ಟಿ ಮುಚ್ಚಿದರು. ನಾವು ಹತ್ತೂ ಜನ ನಿಂತೆವು.

ಅವನು ನಿಲ್ಲಲಿಲ್ಲ. ಕಣ್ಣು ಮುಚ್ಚಿಕೊಂಡುಬಿಟ್ಟಿದ್ದ. ನೋಡಿ ಪ್ರಯೋಜನವಿಲ್ಲ ಎಂದು ಗೊತ್ತಾದ ಮೇಲೆ, ತನ್ನೊಳಗಿನ ಎಣಿಕೆಯನ್ನೇ ನಂಬಿ ಬಾರಿಸುತ್ತಿದ್ದ. ತುಂಬಿದ ಹಾಲ್‌ನಲ್ಲಿ ಅವನೊಬ್ಬನ ಡ್ರಮ್ಮು. ಒಂದು ಪೆಟ್ಟು ಆಚೆ ಈಚೆ ಇರಲಿಲ್ಲ. ಇಪ್ಪತ್ತೆರಡು ಪ್ರೆಸ್ಸು ಹಬೆ ಬಿಟ್ಟ ಹಾಗೆ ಒಂದಾದ ಮೇಲೊಂದು ಬರುತ್ತಿತ್ತು. ಜನ ಅದು ಅವನಿಗೆಂದೇ ಬಿಟ್ಟ ಜಾಗ ಎಂದುಕೊಂಡು ಚಪ್ಪಾಳೆ ತಟ್ಟಿದರು. ಆಮೇಲೆ ನಮ್ಮ ಮುಖಗಳನ್ನು ನೋಡಿದರು. ಚಪ್ಪಾಳೆ ನಿಂತಿತು. ಹಿಂದೆ ಯಾರೋ ಒಬ್ಬ ನಕ್ಕ. ಇನ್ನೊಬ್ಬ ನಕ್ಕ.

ಮೇಸ್ತ್ರಿ ಮುಷ್ಟಿಯನ್ನು ಮೇಲೆತ್ತಿಕೊಂಡೇ ನಿಂತಿದ್ದರು.

ನಾನು ಗಿಟಾರು ಇಳಿಸಿ ಹೋಗಿ, ಡ್ರಮ್ಮಿನ ಚರ್ಮದ ಮೇಲೆ ಅಂಗೈ ಇಟ್ಟೆ. ಒಂದು ಕೋಲು ನನ್ನ ಬೆರಳಿಗೆ ಬಿತ್ತು. ಅವನು ಕಣ್ಣು ತೆರೆದ. ನನ್ನನ್ನು ನೋಡಿದ, ಮೇಸ್ತ್ರಿಯ ಮುಷ್ಟಿ ನೋಡಿದ, ಆಮೇಲೆ ಹಾಲ್‌ನಲ್ಲಿ ನಿಂತ ಅಷ್ಟೂ ಜನರನ್ನು ನೋಡಿದ. ಕೋಲುಗಳನ್ನು ಜೋಡಿಸಿ ಡ್ರಮ್ಮಿನ ಮೇಲಿಟ್ಟು ಎದ್ದ.

ಬಟ್ಟೆ ಬದಲಿಸುವ ಕೋಣೆಯಲ್ಲಿ ಯಾರೂ ಕೂರಲಿಲ್ಲ. ನಾನು ಎಲ್ಲ ಹೇಳಿದೆ. ಹೇಳುವುದಕ್ಕೆ ಐದು ನಿಮಿಷವೂ ಬೇಕಾಗಲಿಲ್ಲ.

"ಒಂದೂವರೆ ವರ್ಷ," ಎಂದರು ಮೇಸ್ತ್ರಿ. ಅವರು ಕೂಗಾಡುತ್ತಾರೆಂದು ಎದೆ ಗಟ್ಟಿ ಮಾಡಿಕೊಂಡಿದ್ದೆ. ಕೂಗಲಿಲ್ಲ. "ಆ ಹಲಗೆ ಯಾಕೆ ಬೇಕು ಅಂತ ಹೇಳಿದ್ರೆ ನಾನು ಬಿಟ್ಟುಬರ್ತಿದ್ನೇನಯ್ಯ? ಕೋಟಿನ ಪೆಟ್ಟಿಗೆ ಎಸೆದು ಅದನ್ನ ಹಾಕ್ಕೊಂಡು ಬರ್ತಿದ್ದೆ. ನಾನೇ ಒಂದು ವಾರದ ಮುಂಚೆ ಬಸ್ಸಲ್ಲಿ ತಂದು ಇಟ್ಟಿರ್ತಿದ್ದೆ. ಹನ್ನೊಂದು ಜನ ಇದ್ದೀವಿ ಇಲ್ಲಿ. ಒಬ್ಬನಿಗೂ ಹೇಳೋಕಾಗ್ಲಿಲ್ವಾ ನಿನಗೆ?"

ನರ್ಸಮ್ಮ ಗೋಡೆಯ ಕಡೆ ಮುಖ ಮಾಡಿ ನಿಂತಿದ್ದಳು. ವೆಲ್ಡರ್ ತನ್ನ ಸ್ಯಾಕ್ಸೊಫೋನನ್ನು ಒರೆಸಿದ್ದನ್ನೇ ಒರೆಸುತ್ತಿದ್ದ.

ಮೇಸ್ತ್ರಿ ಬಾಮೈದನ ಎದುರಿಗೆ ಹೋಗಿ, ಬಾಯಿ ಕಾಣುವ ಹಾಗೆ ನಿಂತು ನಿಧಾನವಾಗಿ ಹೇಳಿದರು: "ಮುಂದಿನ ವಾರ ಹಲಗೆ ತರೋಣ. ಇವರ ಹತ್ತಿರ ನಾನು ಮಾತಾಡ್ತೀನಿ."

"ಬೇಡ ಮೇಸ್ತ್ರಿ."

"ಯಾಕೋ? ನಿನ್ನ ಕೈಗೆ ಏನೂ ಆಗಿಲ್ಲ."

"ಕೈಗೆ ಆಗಿಲ್ಲ." ಬಾಮೈದ ಕೋಟು ಬಿಚ್ಚಿ ಮಡಿಸಿದ, ಗುಂಡಿ ಹಾಕಿ ಮಡಿಸುವುದು ಅವನ ರೂಢಿ. ಆಮೇಲೆ ನನ್ನ ಕಡೆ ತಿರುಗಿದ. "ಹಲಗೆ ಬಿಟ್ಟದ್ದಕ್ಕೆ ನನಗೆ ಬೇಜಾರಿಲ್ಲ ಭಾವ. ಜಾಗ ಇರಲಿಲ್ಲ, ನಿಮಗೆ ಹೇಳೋಕೆ ಭಯ ಆಯ್ತು. ಆದ್ರೆ ಮೂರು ಗಂಟೆ ನನ್ನ ಪಕ್ಕದಲ್ಲೇ ಕೂತಿದ್ರಿ. ನನಗೆ ಹೇಳಬಹುದಿತ್ತು. ನಾನೇ ಇಳಿದು ಮನೆಗೆ ಹೋಗ್ತಿದ್ದೆ. ಅಷ್ಟು ಜನರ ಎದುರಿಗೆ ಕೂರ್ತಿರ್ಲಿಲ್ಲ." ಮಡಿಸಿದ ಕೋಟನ್ನು ಪೆಟ್ಟಿಗೆಯಲ್ಲಿಟ್ಟ. "ನಿಮ್ಮ ಕಾಲನ್ನ ಇನ್ನು ನಂಬೋಕಾಗಲ್ಲ ನನಗೆ. ನಂಬದೇ ಬಾರಿಸೋಕೆ ಬರಲ್ಲ."

ವಾಪಸ್ಸು ಬರುವಾಗ ಅವನು ಮುಂದೆ, ಡ್ರೈವರಿನ ಪಕ್ಕ ಕೂತ.

ಮನೆಯಲ್ಲಿ ಹೆಂಡತಿ ಬಾಗಿಲು ತೆರೆದು ನಮ್ಮಿಬ್ಬರ ಮುಖ ನೋಡಿದಳು. ಅವನ ಕೈಯಿಂದ ಚೀಲ ತೆಗೆದುಕೊಂಡಳು. ನನ್ನದು ನನ್ನ ಕೈಯಲ್ಲೇ ಉಳಿಯಿತು. ಸೋಮವಾರ ಪೂರ್ತಿ ಅವಳು ಅವನ ಬಟ್ಟೆ ಒಗೆದು, ಗುಂಡಿ ಹೊಲಿದು, ಇಸ್ತ್ರಿ ಮಾಡಿದಳು. ದೂರದ ಊರಲ್ಲಿ ಅವರ ಚಿಕ್ಕಮ್ಮನೊಬ್ಬಳು ಇದ್ದಳು, ಅವಳ ಗಂಡನಿಗೆ ಮರ ಕೊಯ್ಯುವ ಮಿಲ್ಲು. ಅಲ್ಲಿ ಕಿವಿ ಕೇಳದವನಿಗೂ ಕೆಲಸವಿರುತ್ತದೆ. "ನಾನು ಬಿಟ್ಟುಬರ್ತೀನಿ," ಎಂದೆ. "ನೀವು ಬರಬೇಡಿ," ಎಂದಳು. ಅದೊಂದೇ ಮಾತು ಆ ದಿನ ಅವಳು ನನಗೆ ಆಡಿದ್ದು.

ಬ್ಯಾಂಡು ಅಲ್ಲಿಗೇ ನಿಲ್ಲಲಿಲ್ಲ. ಹಾಲ್‌ನವರು ಡ್ರಮ್ಮಿನ ಪೆಟ್ಟಿಗೆ ಇಟ್ಟುಕೊಂಡರೆ ಬನ್ನಿ ಎಂದರು, ಮೇಸ್ತ್ರಿ ಎರಡು ವಾರ ತಡೆದು ಒಪ್ಪಿದರು. ನಾನೂ ಹೋದೆ. ಆರು ವರ್ಷ ಆ ಪೆಟ್ಟಿಗೆಯ ಪಕ್ಕ ನಿಂತು ಬಾರಿಸಿದೆ. ಅದು ಒಂದು ದಿನವೂ ತಪ್ಪಲಿಲ್ಲ, ಒಂದು ದಿನವೂ ನನ್ನ ಕಡೆ ನೋಡಲಿಲ್ಲ. ನರ್ಸಮ್ಮ ಮಳೆಗಾಲದ ಒಂದು ಗುರುವಾರ ಬಿಟ್ಟಳು, ಆಸ್ಪತ್ರೆಯ ಕೆಲಸಕ್ಕೆ ವಾಪಸ್ಸಾದಳು. ವೆಲ್ಡರ್ ಬಿಟ್ಟದ್ದು ಒಂದು ಶನಿವಾರ. ಎದೆ ಕಟ್ಟಿತ್ತು, ಊದಲು ಆಗುತ್ತಿರಲಿಲ್ಲ. ಮೇಸ್ತ್ರಿ ಸತ್ತದ್ದು ಸೋಮವಾರ. ಗುಂಡಿಯವರೆಗೆ ಊದುವುದಕ್ಕೆ ಯಾರೂ ಉಳಿದಿರಲಿಲ್ಲ. ಹೊತ್ತುಕೊಂಡು ಸುಮ್ಮನೆ ನಡೆದೆವು.

ನನ್ನ ಬಾಮೈದ ಹೋದದ್ದು ಇದಕ್ಕೆಲ್ಲ ಮೊದಲು, ಆ ಭಾನುವಾರ ಕಳೆದು ಬಂದ ಮಂಗಳವಾರ, ಬೆಳಿಗ್ಗೆ ಹತ್ತೂಕಾಲಿನ ಬಸ್ಸಿಗೆ. ಅಕ್ಕನೂ ಅದೇ ಬಸ್ಸಿಗೆ ಹೋದಳು. ಅವಳು ಶುಕ್ರವಾರ ವಾಪಸ್ಸು ಬಂದಳು. ಅವನು ಬರಲಿಲ್ಲ.